ಇಂಟರ್ವಲ್ ಮೂರ್ತಿಯ ನಲವತ್ತೆರಡನೆಯ ಸಾವು

ನನ್ನ ಹೆಂಡತಿಯ ಅಣ್ಣ ನಲವತ್ತೊಂದು ಸಲ ಸತ್ತಿದ್ದಾರೆ. ಎಲ್ಲವೂ ಹೃದಯಾಘಾತ.

ಗಾಬರಿಯಾಗಬೇಡಿ, ಅವರು ಸಿನಿಮಾ ನಟರು. ಗಾಬರಿಯಾಗಬೇಕಾದ ವಿಷಯ ಬೇರೆ ಇದೆ. ಕಳೆದ ಜನವರಿಯ ಒಂದು ಶನಿವಾರ, ಬೆಳಿಗ್ಗೆ ಹತ್ತೂವರೆಗೆ, ದೆಹಲಿಯ ಪೀತಮ್‌ಪುರದ ನಮ್ಮ ಮಾರ್ಕೆಟ್ಟಿನ ಹೋಟೆಲಿನಲ್ಲಿ ಅವರಿಗೆ ನಿಜವಾದ ಹೃದಯಾಘಾತವಾಯಿತು. ಎದುರಿಗೆ ಕೂತಿದ್ದವನು ನಾನು. ನನಗೆ ಗೊತ್ತಾಗಲಿಲ್ಲ. ಹೋಗಲಿ, ನಾನು ಮಿನಿಸ್ಟ್ರಿಯಲ್ಲಿ ಫೈಲು ನೋಡಿ ರಿಟೈರಾದವನು. ನಲವತ್ತೊಂದು ಸಲದ ಅನುಭವವಿದ್ದ ಅವರಿಗೇ ಗೊತ್ತಾಗಲಿಲ್ಲ!

ಇಷ್ಟು ದಿನ ಇದನ್ನು ಬರೆಯಲು ಕೈ ಬಂದಿರಲಿಲ್ಲ. ಮೊನ್ನೆ ಭಾನುವಾರ ಬೆಂಗಳೂರಿನಿಂದ ಬಂದ ಒಂದು ಫೋನು ಬರೆಸುತ್ತಿದೆ. ಆ ಫೋನಿನ ವಿಷಯ ಕೊನೆಗೆ.

ಹೆಸರು ವಾಸುದೇವಮೂರ್ತಿ. (ನಾನು ಅವರಿಗೆ ಭಾವ, ಅವರು ನನಗೆ ಭಾವ.) ಹೆಸರು ಕೇಳಿದರೆ ನಿಮಗೆ ಗೊತ್ತಾಗುವುದಿಲ್ಲ, ಮುಖ ನೋಡಿದರೆ ಗೊತ್ತಾಗುತ್ತದೆ. ಬೆಂಗಳೂರಿನ ಬಸ್ ಸ್ಟ್ಯಾಂಡಿನಲ್ಲಿ ಜನ ಅವರನ್ನು ತಡೆದು, "ಸಾರ್, ನೀವು ನಮ್ಮ ಹೈಸ್ಕೂಲಿನ ಹೆಡ್‌ಮಾಸ್ಟರ್ ಅಲ್ವಾ?" ಎಂದು ಕೇಳುತ್ತಾರೆ. "ಹೌದಪ್ಪ, ಚೆನ್ನಾಗಿದೀಯಾ?" ಎಂದು ಇವರು ಮುಂದೆ ನಡೆಯುತ್ತಾರೆ. (ಅಲ್ಲ ಎಂದರೆ ಕಾಲು ಗಂಟೆ ನಿಂತು ಮಾತಾಡಬೇಕಾಗುತ್ತದಂತೆ.)

ಮೈಸೂರಿನ ಟ್ರೆಜರಿಯಲ್ಲಿ ಗುಮಾಸ್ತರಾಗಿದ್ದವರು. ಸಂಜೆ ಹವ್ಯಾಸಿ ನಾಟಕ. ಒಂದು ಭಾನುವಾರ ಶೂಟಿಂಗ್ ನೋಡಲು ಹೋಗಿದ್ದಾರೆ. ಪೋಸ್ಟ್‌ಮನ್ ಪಾತ್ರದವನು ಬಂದಿಲ್ಲ. ಖಾಕಿ ಅಂಗಿ ಇವರ ಮೈಗೆ ಸರಿಹೋಯಿತು. "ಅಮ್ಮಾವ್ರೇ, ತಂತಿ!" ಇಷ್ಟೇ ಡೈಲಾಗು. ಸರಿಯಾಗಿ ಹೇಳಿದರು. ಅಲ್ಲಿಂದ ಶುರು.

ಮೂವತ್ತಾರಕ್ಕೇ ತಲೆ ನರೆತಿತ್ತು. "ನಿಮಗೆ ಅಪ್ಪನ ಮುಖ ಇದೆ ಕಣ್ರೀ" ಎಂದರು ಒಬ್ಬ ನಿರ್ದೇಶಕರು. ಹೀಗೆ ನಲವತ್ತು ತುಂಬುವ ಮೊದಲೇ ಭಾವ, ತಮಗಿಂತ ಮೂರು ವರ್ಷ ದೊಡ್ಡವರಾದ ನಾಯಕನಟರಿಗೆ ತಂದೆಯಾದರು.

ಆಗಿನ ಸಿನಿಮಾದಲ್ಲಿ ಅಪ್ಪನಿಗೆ ಏನು ಕೆಲಸ? ಬುದ್ಧಿ ಹೇಳುವುದು, ಇಂಟರ್ವಲ್‌ಗೆ ಮುಂಚೆ ಸಾಯುವುದು. ಮಗಳು ಓಡಿಹೋದಳು, ಎದೆ ಹಿಡಿದುಕೊಂಡರು. ಮನೆ ಹರಾಜಾಯಿತು, ಎದೆ ಹಿಡಿದುಕೊಂಡರು. ಒಮ್ಮೆಯಂತೂ ಮಗ ಫಸ್ಟ್ ಕ್ಲಾಸಿನಲ್ಲಿ ಪಾಸಾದ ಸಂತೋಷಕ್ಕೇ ಎದೆ ಹಿಡಿದುಕೊಂಡರು. ಚಿತ್ರರಂಗದಲ್ಲಿ ಅವರಿಗೆ ಬಿದ್ದ ಹೆಸರೇ ಇಂಟರ್ವಲ್ ಮೂರ್ತಿ.

ಅದರಲ್ಲಿ ಅವರದೊಂದು ಶಿಸ್ತು ಇತ್ತು. ನನಗೆ ಅವರು ಇಷ್ಟವಾದದ್ದೇ ಆ ಶಿಸ್ತಿಗೆ. "ಮೂರ್ತಿಗಳೇ, ಇಪ್ಪತ್ತೆರಡು ಅಡಿ ಫಿಲ್ಮ್ ಉಳಿದಿದೆ. ಅಷ್ಟರಲ್ಲಿ ಸಾಯ್ತೀರಾ?" ಎಂದು ಕ್ಯಾಮೆರಾದವರು ಕೇಳಿದರೆ, "ಇಪ್ಪತ್ತೇ ಸಾಕು, ಎರಡು ಅಡಿ ನೀವಿಟ್ಕೊಳ್ಳಿ" ಎನ್ನುತ್ತಿದ್ದರಂತೆ. ಬಲಗೈ ಎಡ ಎದೆಗೆ. ಒಂದು ಹೆಜ್ಜೆ ಹಿಂದಕ್ಕೆ. ಎಡಗೈ ಕುರ್ಚಿಯನ್ನು ಹುಡುಕಬೇಕು, ಕುರ್ಚಿ ಸಿಗಬಾರದು. ಕೊನೆಗೆ ಕನ್ನಡಕ ನೆಲಕ್ಕೆ ಬೀಳಬೇಕು. "ಕನ್ನಡಕ ಬೀಳೋವರೆಗೂ ಜನ ಬದುಕ್ತಾನೇನೋ ಅಂತ ಕಾಯ್ತಾರೆ ಭಾವ. ಬಿತ್ತೋ, ಕರ್ಚೀಫ್ ತೆಗೀತಾರೆ." ಒಂದೇ ಟೇಕ್. ಎರಡನೆಯ ಟೇಕಿನಲ್ಲಿ ಅವರು ಸತ್ತ ದಾಖಲೆಯೇ ಇಲ್ಲ.

"ಇದನ್ನೆಲ್ಲ ಯಾರ ಹತ್ತಿರ ಕಲಿತಿರಿ?" ಎಂದು ಒಮ್ಮೆ ಕೇಳಿದ್ದೆ.

"ಹಿಂದಿನ ನಟರ ಹತ್ತಿರ. ಅವರು ಕಂಪನಿ ನಾಟಕದವರ ಹತ್ತಿರ. ಕೊನೇ ಬೆಂಚಿನವನಿಗೂ ಕಾಣಬೇಕಲ್ಲ ಭಾವ, ಅದಕ್ಕೇ ಅಷ್ಟು ಅಗಲವಾಗಿ ಎದೆ ಹಿಡ್ಕೊಳ್ಳೋದು."

ಆಗ ನಕ್ಕಿದ್ದೆ. ಯಾರೊಬ್ಬರೂ ಡಾಕ್ಟರ ಹತ್ತಿರ ಕಲಿತಿರಲಿಲ್ಲ ಎನ್ನುವುದು ನನಗೆ ಹೊಳೆಯಲಿಲ್ಲ.

ನನ್ನ ಹೆಂಡತಿ ಶಾರದೆ ಒಂದನ್ನು ಬಿಟ್ಟು ಅಣ್ಣನ ಬೇರೆ ಯಾವ ಚಿತ್ರವನ್ನೂ ಇಂಟರ್ವಲ್‌ವರೆಗೆ ನೋಡಿಲ್ಲ. ಮೊದಲ ಸಾವನ್ನು ಥಿಯೇಟರಿನಲ್ಲಿ ನೋಡಿ, ಪಕ್ಕದವರು ನೀರು ಕೊಡುವಷ್ಟು ಅತ್ತಿದ್ದಳಂತೆ. ಆಮೇಲೆ ತೆರೆಯ ಮೇಲೆ ಅಣ್ಣ ಬುದ್ಧಿ ಹೇಳಲು ಶುರು ಮಾಡಿದ ಕೂಡಲೇ ಇವಳು ಸೀಟಿನ ಕೆಳಗೆ ಚಪ್ಪಲಿ ಹುಡುಕುತ್ತಾಳೆ. ಅವರ ಮನೆಯಲ್ಲೊಂದು ಆಲ್ಬಮ್ ಇದೆ. ಸತ್ತ ಅಪ್ಪನ ಫೋಟೋ ಗೋಡೆಗೆ ಹಾಕಬೇಕಲ್ಲ, ಹಾಗೆ ಸೆಟ್ಟಿನಲ್ಲಿ ಹಾರ ಹಾಕಿ ತೂಗುಹಾಕಿದ ಅವರದೇ ಫೋಟೋಗಳು. ನಿರ್ಮಾಪಕರಿಂದ ಕೇಳಿ ತರುತ್ತಿದ್ದರು. ಆ ಆಲ್ಬಮ್ಮನ್ನು ಶಾರದೆ ಮುಟ್ಟುವುದಿಲ್ಲ. "ಸಾವನ್ನ ಇಷ್ಟು ಸಲ ಹೆಸರು ಹಿಡಿದು ಕರೀಬಾರದು ಅಣ್ಣ" ಎನ್ನುತ್ತಾಳೆ. ಅಣ್ಣ ನಗುತ್ತಾರೆ. "ಅದು ಬಂದಾಗೆಲ್ಲ ಶೂಟಿಂಗ್ ಅಂತ ವಾಪಸ್ ಕಳಿಸ್ತಿದೀನಲ್ಲೇ!"

ಇಂಥ ಭಾವ ಜನವರಿಯ ಬುಧವಾರ ನಮ್ಮ ಮನೆಗೆ ಬಂದಿಳಿದರು. ದೆಹಲಿಯ ಕನ್ನಡ ಸಂಘವೊಂದು ಭಾನುವಾರ ಅವರಿಗೆ ಸನ್ಮಾನ ಇಟ್ಟುಕೊಂಡಿತ್ತು. ಎಪ್ಪತ್ತಮೂರು ವರ್ಷದಲ್ಲಿ ಮೊದಲನೆಯ ಸನ್ಮಾನ. ಶಾಲಿಗೆ ಹೊಂದುವ ಅಂಗಿ ಯಾವುದು ಎಂದು ಮೂರು ಅಂಗಿ ತಂದಿದ್ದರು.

ನನ್ನ ಮನೆಯಲ್ಲಿ ಅತಿಥಿಗಳಿಗೂ ಟೈಮ್‌ಟೇಬಲ್ ಇರುತ್ತದೆ. (ನನ್ನ ಬರಹಗಳ ಹಳೆಯ ಓದುಗರಿಗೆ ಇದು ಹೊಸದಲ್ಲ. ಬೈದು ಪತ್ರ ಬರೆದವರೂ ಇದ್ದೀರಿ.) ಐದೂ ಕಾಲಿಗೆ ಏಳುವುದು, ಐದೂ ಮುಕ್ಕಾಲಿಗೆ ವಾಕಿಂಗ್, ಪಾರ್ಕಿಗೆ ನಾಲ್ಕು ಸುತ್ತು, ಏಳಕ್ಕೆ ಸ್ನಾನ. ಟೈಪ್ ಮಾಡಿ ಫ್ರಿಜ್ಜಿನ ಬಾಗಿಲಿಗೆ ಅಂಟಿಸಿದ್ದೆ. ಭಾವ ಓದಿ ಸೆಲ್ಯೂಟ್ ಹೊಡೆದರು.

ಶುಕ್ರವಾರ ಮೆಟ್ರೋ ತೋರಿಸಲು ಕರೆದುಕೊಂಡು ಹೋದೆ. ಸ್ಟೇಷನ್ನಿನ ಮೆಟ್ಟಿಲ ಮಧ್ಯದಲ್ಲಿ ಭಾವ ನಿಂತರು. "ಒಂದ್ನಿಮಿಷ ಭಾವ. ವ್ಯೂ ನೋಡೋಣ."

ಯಾವ ವ್ಯೂ? ಎದುರಿಗೆ ಮಂಜು. ಹತ್ತು ಅಡಿಯಾಚೆ ಕೈಗಾಡಿ ಕಾಣುತ್ತಿರಲಿಲ್ಲ. ನಾನು ವಾಚು ನೋಡಿಕೊಂಡೆ. ಅವರ ಮುಖ ನೋಡಲಿಲ್ಲ.

ಶನಿವಾರ ಬೆಳಿಗ್ಗೆ ಐದೂ ಕಾಲಿಗೆ ನಾನೆದ್ದಾಗ ಭಾವ ಆಗಲೇ ಹಾಲಿನಲ್ಲಿ ಕೂತಿದ್ದರು. ಶಾಲು ಹೊದ್ದು, ಎಡಗೆನ್ನೆಗೆ ಅಂಗೈ ಕೊಟ್ಟು.

"ಭಾವ, ಇವತ್ತು ವಾಕಿಂಗ್ ಬೇಡ. ಐದಕ್ಕೇ ಎಚ್ಚರ ಆಯ್ತು. ದವಡೆ ಯಾಕೋ ನೋಯ್ತಿದೆ."

"ನಡೆಯೋದು ಕಾಲು ತಾನೆ? ದವಡೆಗೂ ಕಾಲಿಗೂ ಏನು ಸಂಬಂಧ?" ಎಂದೆ.

ಬಹಳ ಚೆನ್ನಾಗಿ ಹೇಳಿದೆ ಎಂದುಕೊಂಡೆ. ಭಾವನೂ ನಕ್ಕು ಮಫ್ಲರ್ ಸುತ್ತಿಕೊಂಡರು. ಹೊರಗೆ ಮೂಳೆ ಕೊರೆಯುವ ಚಳಿ. ನಾಲ್ಕರಲ್ಲಿ ಎರಡು ಸುತ್ತು ನಡೆದರು. ಉಳಿದೆರಡು ಸುತ್ತು ನಾನೊಬ್ಬನೇ ಮುಗಿಸಿ ಬರುವವರೆಗೆ ಕಲ್ಲಿನ ಬೆಂಚಿನ ಮೇಲೆ ಕೂತಿದ್ದರು. ಹೌದು, ನಾನು ಉಳಿದೆರಡು ಸುತ್ತು ಮುಗಿಸಿದೆ.

ನಾವು ಬರುವಷ್ಟರಲ್ಲಿ ಶಾರದೆ ಫರೀದಾಬಾದಿಗೆ ಹೊರಟು ನಿಂತಿದ್ದಳು. ಅಲ್ಲಿರುವ ನಮ್ಮ ಮಗಳಿಗೆ ಜ್ವರ. ಗಡಿಬಿಡಿಯಲ್ಲಿ ಬಸ್ಸು ಹಿಡಿಯಲು ಓಡಿದಳು. ದವಡೆಯ ವಿಷಯ ಅವಳಿಗೆ ಭಾವನೂ ಹೇಳಲಿಲ್ಲ, ನಾನೂ ಹೇಳಲಿಲ್ಲ. ನಾನು ಡೈರಿಯಲ್ಲಿ ಬರೆದುಕೊಂಡೆ: 'ವಾಸು ಭಾವ, ಹಲ್ಲು ನೋವು, ಡೆಂಟಿಸ್ಟ್, 11.00.'

ಗಮನಿಸಿ. ಅವರು ಹೇಳಿದ್ದು ದವಡೆ. ನಾನು ಬರೆದುಕೊಂಡದ್ದು ಹಲ್ಲು. ಮೂವತ್ತಾರು ವರ್ಷ ಸರ್ಕಾರಿ ನೋಟ್ ಬರೆದವನು ನಾನು!

ಡೆಂಟಿಸ್ಟ್ ಎಂದಾಗ ಭಾವ ಒಂದು ಕ್ಷಣ ಮುಜುಗರಪಟ್ಟಂತೆ ಕಂಡಿತು. "ಹೂಂ, ತೋರಿಸೋಣ. ಅದೇ ಇರಬೇಕು" ಎಂದರು. ಆ ಮುಜುಗರದ ಅರ್ಥ ನನಗೆ ತಿಳಿದದ್ದು ಆಮೇಲೆ.

ಡೆಂಟಿಸ್ಟರ ಕ್ಲಿನಿಕ್ಕು ಮಾರ್ಕೆಟ್ಟಿನಲ್ಲಿ ಮೊದಲ ಮಹಡಿ. ಅದರ ಕೆಳಗೆ ಸದಾನಂದ ಶೆಟ್ಟರ ಹೋಟೆಲು. ಕುಂದಾಪುರದ ಕಡೆಯವರು. ಇಪ್ಪತ್ತು ವರ್ಷದಲ್ಲಿ ಪೀತಮ್‌ಪುರದ ಪಂಜಾಬಿಗಳಿಗೆ ಇಡ್ಲಿ ತಿನ್ನುವುದು ಕಲಿಸಿದ್ದಾರೆ. ನಾನು ಎಲ್ಲಿಗೆ ಹೋದರೂ ನಲವತ್ತು ನಿಮಿಷ ಮುಂಚೆ ಹೋಗುವವನು. ಹಾಗಾಗಿ ಹತ್ತೂ ಇಪ್ಪತ್ತಕ್ಕೆ ಶೆಟ್ಟರ ಹೋಟೆಲಿನಲ್ಲಿ ಎರಡು ಕಾಫಿ ಹೇಳಿದೆವು. ಆ ನಲವತ್ತು ನಿಮಿಷ ಇಲ್ಲದಿದ್ದರೆ ಭಾವ ಮಹಡಿ ಹತ್ತುತ್ತಿದ್ದರು. ಅದನ್ನು ಈಗಲೂ ಪೂರ್ತಿ ಯೋಚಿಸಲು ನನಗೆ ಧೈರ್ಯವಿಲ್ಲ.

ಶೆಟ್ಟರು ಗಲ್ಲಾ ಬಿಟ್ಟು ಬಂದರು. ತೆರೆಯ ಮೇಲಿನ ಮನುಷ್ಯ ಹೋಟೆಲಿಗೆ ಬಂದಿದ್ದಾರಲ್ಲ.

"ನಿಮ್ಮ ಎಷ್ಟು ಸಿನಿಮಾ ನೋಡಿದ್ದೇನೆ ಮಾರಾಯ್ರೆ! ಈಗ ಎರಡು ತೆಲುಗು ಪಿಕ್ಚರ್ ಹಿಂದಿ ಡಬ್ಬಿಂಗ್ ಆಗಿ ಮಧ್ಯಾಹ್ನ ಮಧ್ಯಾಹ್ನ ಟೀವಿಯಲ್ಲಿ ಬರ್ತದೆ. ಅದರಲ್ಲಿಯೂ ನೀವು ಸಾಯ್ತೀರಿ." ಅಷ್ಟರಲ್ಲಿ ಅವರ ನಗು ನಿಂತಿತು. "ಅಲ್ಲ ಮೂರ್ತಿಯವರೇ, ಈ ಚಳಿಯಲ್ಲಿ ನೀವು ಬೆವರುವುದು ಯಾಕೆ?"

ನೋಡಿದೆ. ಭಾವನ ಹಣೆಯಲ್ಲಿ, ಮೇಲ್ತುಟಿಯ ಮೇಲೆ, ಹನಿ ಹನಿ ಬೆವರು.

"ಮಫ್ಲರ್ ಸೆಕೆ" ಎಂದರು ಭಾವ.

"ಸೆಕೆ ಎಂತದು, ನನಗೆ ಸ್ವೆಟರಿನ ಒಳಗೆ ನಡುಕ. ನಮ್ಮ ಅಪ್ಪ ಹೀಗೇ ಗ್ಯಾಸು ಅಂತ ಸೋಡ ಕುಡಿದು ಮಲಗಿದವರು, ಮತ್ತೆ ಏಳಲಿಲ್ಲ. ರಾಯರೇ, ಹಲ್ಲು ಆಮೇಲೆ ತೋರಿಸುವ. ಮೊದಲು ಇವರ ಹಾರ್ಟ್ ತೋರಿಸುವ."

ಭಾವನಿಗೆ ಅವಮಾನವಾದಂತಾಯಿತು. ಅವರ ಕಸುಬಿನ ವಿಷಯ ಅವರಿಗೇ ಹೇಳಿಕೊಡುವುದೇ?

"ಹಾರ್ಟ್ ಅಟ್ಯಾಕಾ? ರೀ ಶೆಟ್ರೇ, ನಲವತ್ತೊಂದು ಸಲ ಮಾಡಿದೀನಿ. ಹಾರ್ಟ್ ಅಟ್ಯಾಕ್ ಅಂದ್ರೆ ಹೀಗಿರಲ್ಲ. ಹೇಗಿರುತ್ತೆ ತೋರಿಸ್ಲಾ?"

ತೋರಿಸಿದರು! ನಾನು ಬೇಡ ಎನ್ನುವಷ್ಟರಲ್ಲಿ ಎದ್ದು ನಿಂತಿದ್ದರು. ಬಲಗೈ ಎದೆಗೆ. ಒಂದು ಹೆಜ್ಜೆ ಹಿಂದಕ್ಕೆ. ಎಡಗೈ ಗಾಳಿಯಲ್ಲಿ ಕುರ್ಚಿ ಹುಡುಕಿತು. ಕತ್ತನ್ನು ಸಣ್ಣಗೆ ಝಾಡಿಸಿದರು, ಕನ್ನಡಕ ನೆಲಕ್ಕೆ. ಪಕ್ಕದ ಟೇಬಲ್ಲಿನ ಪಂಜಾಬಿ ಹೆಂಗಸು ಚಮಚ ಬಿಟ್ಟು ಚೀರಿದಳು. "ಹಾಯ್ ರಬ್ಬಾ!"

ಭಾವ ಕಣ್ಣು ತೆರೆದು, ಆಕೆಗೆ ಕೈಮುಗಿದು, ಕನ್ನಡಕ ಎತ್ತಿ ಹಾಕಿಕೊಂಡು ಕೂತರು. "ನೋಡಿದ್ರಾ? ಇದು. ಈಗಿರೋದು ಬರೀ ದವಡೆ."

ನನಗೆ ಸಮಾಧಾನವಾಯಿತು. ನಂಬುತ್ತೀರಾ? ಆ ನಟನೆ ನೋಡಿ ಸಮಾಧಾನವಾಯಿತು. ನಿಜ, ಹಾರ್ಟ್ ಅಟ್ಯಾಕ್ ಹಾಗಿರುತ್ತದೆ, ಇದು ಹಾಗಿಲ್ಲ, ಆದ್ದರಿಂದ ಇದು ಅದಲ್ಲ. ಎಷ್ಟು ಅಚ್ಚುಕಟ್ಟಾದ ತರ್ಕ!

ಕಾಫಿ ಬಂತು. ಭಾವ ಲೋಟ ಎತ್ತಲಿಲ್ಲ. ಎಡಗೈಯನ್ನು ತೊಡೆಯ ಮೇಲೆ ಇಟ್ಟುಕೊಂಡು ಅದನ್ನೇ ನೋಡುತ್ತಿದ್ದರು, ಯಾರೋ ಮರೆತುಹೋದ ಬ್ಯಾಗನ್ನು ನೋಡುವಂತೆ.

"ಕಾಫಿ ಆರುತ್ತೆ ಭಾವ" ಎಂದೆ.

"ಹೂಂ" ಎಂದರು. ಆಮೇಲೆ ಬಹಳ ಸಣ್ಣ ದನಿಯಲ್ಲಿ, "ಭಾವ, ಶಾರದಾ ಯಾವಾಗ ಬರ್ತಾಳೆ?" ಎಂದು ಕೇಳಿದರು. ಟೇಬಲ್ಲಿನ ಮೇಲೆ ತಲೆಯಿಟ್ಟರು. ಅಷ್ಟೇ.

ಎದೆ ಹಿಡಿದುಕೊಳ್ಳಲಿಲ್ಲ. ಹಿಂದಕ್ಕೆ ಹೆಜ್ಜೆ ಇಡಲಿಲ್ಲ. ಕನ್ನಡಕವೂ ಬೀಳಲಿಲ್ಲ. ಬೀಳದಿದ್ದ ಆ ಕನ್ನಡಕವನ್ನು ನೋಡುತ್ತ ನಾನು ಎಷ್ಟು ಹೊತ್ತು ಕೂತಿದ್ದೆನೋ. ಎರಡು ಸೆಕೆಂಡ್? ಹತ್ತು? 'ನಟನೆ ಮುಗಿಯಿತಲ್ಲ, ಮತ್ತೇಕೆ?' ಎಂದು ಯೋಚಿಸಿದ್ದು ನೆನಪಿದೆ.

ಎದ್ದು ಓಡಿದವರು ಶೆಟ್ಟರು. ಬಾಗಿಲಲ್ಲಿ ಅವರ ವ್ಯಾನು ನಿಂತಿತ್ತು, ಯಾವುದೋ ಆಫೀಸಿಗೆ ಇಡ್ಲಿ ಒಯ್ಯಲು ಸಿದ್ಧವಾಗಿ. ಕುದಿಯುವ ಸಾಂಬಾರಿನ ದೊಡ್ಡ ಪಾತ್ರೆಯನ್ನು ಫುಟ್‌ಪಾತಿಗೆ ಇಳಿಸಿ, ಇಡ್ಲಿ ಡಬ್ಬಿಗಳನ್ನು ಹಿಂದಕ್ಕೆ ತಳ್ಳಿ, ಭಾವನನ್ನು ಎತ್ತಿ ಮಲಗಿಸಿದೆವು. ಅವರ ತಲೆ ನನ್ನ ತೊಡೆಯ ಮೇಲೆ. ಮುಖ ಅಕ್ಕಿ ಹಿಟ್ಟಿನ ಬಣ್ಣ. ಮೈ ಮುಟ್ಟಿದರೆ ತಣ್ಣಗೆ, ಒದ್ದೆ.

ರೋಹಿಣಿ ಕಡೆಯ ಆಸ್ಪತ್ರೆಗೆ ಹತ್ತು ನಿಮಿಷದ ದಾರಿ. ಆದರೆ ಅದು ಜನವರಿ. ಗಣರಾಜ್ಯೋತ್ಸವದ ಮುಂಚಿನ ವಾರಗಳಲ್ಲಿ ದೆಹಲಿಯ ಚೌಕ ಚೌಕದಲ್ಲೂ ಪೊಲೀಸ್ ತಪಾಸಣೆ. ವ್ಯಾನು ಎಂದರೆ ಮೊದಲು ಅನುಮಾನ. ಮಧುಬನ್ ಚೌಕದಲ್ಲಿ ಹಳದಿ ಬ್ಯಾರಿಕೇಡು ಅಡ್ಡ ಬಂತು.

"ಪೀಛೇ ಖೋಲೋ. ಡಬ್ಬೇ ಮೇ ಕ್ಯಾ ಹೈ?" ಹಿಂಬಾಗಿಲು ತೆಗೆ, ಡಬ್ಬಿಯಲ್ಲೇನು ಎಂದು ಕೇಳಿದ ಕಾನ್‌ಸ್ಟೇಬಲ್.

"ಇಡ್ಲಿ ಹೈ ಭಯ್ಯಾ, ಇಡ್ಲಿ! ಪೇಷೆಂಟ್ ಹೈ!" ಶೆಟ್ಟರು ಕೂಗಿದರು.

ಅವನು ಒಳಗೆ ಬಗ್ಗಿದ. ಭಾವನ ಮುಖವನ್ನು ನೋಡಿದ. ಅವನ ಮುಖ ಅರಳಿತು! "ಅರೇ, ಇನ್ಕೋ ತೋ ದೇಖಾ ಹೈ. ಯೇ ಟೀವಿ ಪೇ ಮರ್ತೇ ಹೈಂ ನಾ?" ಇವರು ಟೀವಿಯಲ್ಲಿ ಸಾಯುವವರಲ್ಲವೇ? ಆಮೇಲೆ ಅತ್ತಿತ್ತ ಕ್ಯಾಮೆರಾ ಹುಡುಕಿದ. "ಶೂಟಿಂಗ್ ಚಲ್ ರಹೀ ಹೈ ಕ್ಯಾ?"

ಮೂವತ್ತೈದು ವರ್ಷದ ವೃತ್ತಿಯಲ್ಲಿ ದೆಹಲಿಯಲ್ಲಿ ಅವರನ್ನು ಗುರುತಿಸಿದ ಮೊದಲ ಅಪರಿಚಿತ. ಗುರುತಿಸಿದ್ದು ಎಂಥ ಹೊತ್ತಿನಲ್ಲಿ!

"ಅಸಲೀ ಹೈ!" ಎಂದೆ. ಇನ್ನೊಮ್ಮೆ ಕಿರುಚಿದೆ. "ಅಸಲೀ ಹೈ, ಅಸಲೀ!" ಆ ಕಿರುಚಿದ ಸ್ವರ ನನ್ನದು ಎಂದು ನನಗೇ ಗೊತ್ತಾಗಲಿಲ್ಲ. ಅವನ ನಗು ಹಾಗೇ ಬತ್ತಿತು. ಬ್ಯಾರಿಕೇಡು ಎಳೆದ. ಪಾಪ, ಸ್ವಲ್ಪ ದೂರ ಸೀಟಿ ಊದುತ್ತ ಮುಂದೆ ಓಡಿ ದಾರಿ ಬಿಡಿಸಿದ.

ಮುಂದಿನ ದಾರಿಯುದ್ದಕ್ಕೂ ನಾನು ಮಾಡಿದ್ದು ಒಂದೇ ಕೆಲಸ. ಭಾವನ ಕನ್ನಡಕವನ್ನು ಮೂಗಿನ ಮೇಲೆ ಒತ್ತಿ ಹಿಡಿದುಕೊಂಡಿದ್ದೆ. ರಸ್ತೆಯ ಕುಲುಕಾಟಕ್ಕೆ ಅದು ಜಾರುತ್ತಿತ್ತು. ಬಿದ್ದರೆ ಮುಗಿಯಿತು ಎಂದು ನನ್ನ ತಲೆಯೊಳಗೆ ಯಾರೋ ಹೇಳುತ್ತಿದ್ದರು. ಎಂ.ಎ. ಓದಿದವನು, ಜಾತಕ ನಂಬದವನು, ನಾನು ಹೀಗೆ ಒಬ್ಬ ಮನುಷ್ಯನ ಪ್ರಾಣವನ್ನು ಎರಡು ಬೆರಳಿನಲ್ಲಿ ಹಿಡಿದುಕೊಂಡಿದ್ದೆ.

ಎಮರ್ಜೆನ್ಸಿಯಲ್ಲಿದ್ದದ್ದು ಒಬ್ಬ ಚಿಕ್ಕ ವಯಸ್ಸಿನ ಡಾಕ್ಟರಮ್ಮ. ಇಸಿಜಿ ಪಟ್ಟಿಯನ್ನು ನೋಡುತ್ತಲೇ ಕೇಳಿದರು, "ಕಬ್ ಸೇ?" ಯಾವಾಗಿನಿಂದ?

ನಾನು, ಹತ್ತೂವರೆಯಿಂದ ಎಂದು ಹೇಳಲು ಬಾಯಿ ತೆರೆದೆ. ಕಣ್ಣು ಮುಚ್ಚಿ ಮಲಗಿದ್ದ ಭಾವ ಹೇಳಿದರು, "ಪಾಂಚ್ ಬಜೇ ಸೇ." ಐದು ಗಂಟೆಯಿಂದ.

ಡಾಕ್ಟರಮ್ಮ ಗೋಡೆಯ ಗಡಿಯಾರ ನೋಡಿದರು. ಹನ್ನೊಂದಾಗುತ್ತ ಬಂದಿತ್ತು. ನನ್ನ ಕಡೆ ತಿರುಗಿದರು. "ಔರ್ ಆಪ್ ನೇ ಕ್ಯಾ ಕಿಯಾ?" ನೀವೇನು ಮಾಡಿದಿರಿ?

ಪಾರ್ಲಿಮೆಂಟಿನ ಪ್ರಶ್ನೆಗಳಿಗೆ ಉತ್ತರ ಬರೆದುಕೊಟ್ಟವನು ನಾನು. ಮಂತ್ರಿಗಳು ಅದನ್ನು ಓದಿ ಪಾರಾಗುತ್ತಿದ್ದರು. ಈ ಪ್ರಶ್ನೆಗೆ ನನ್ನಲ್ಲಿದ್ದದ್ದು ಒಂದೇ ಉತ್ತರ.

"ವಾಕ್ ಕರ್ವಾಯಾ" ಎಂದೆ. ವಾಕಿಂಗ್ ಮಾಡಿಸಿದೆ.

ಸ್ಟ್ರೆಚರು ಒಳಗೆ ಹೋಯಿತು, ಬಾಗಿಲು ಮುಚ್ಚಿತು. ಸ್ವಲ್ಪ ಹೊತ್ತಿನಲ್ಲಿ ನರ್ಸು ಬಂದು ಒಂದು ಪ್ಲಾಸ್ಟಿಕ್ ಚೀಲವನ್ನು ನನ್ನ ಕೈಗಿಟ್ಟಳು. ಮಫ್ಲರು. ಕನ್ನಡಕ. ಅದರ ಪಕ್ಕದಲ್ಲಿ, ಹತ್ತಿಯಲ್ಲಿ ಸುತ್ತಿದ ಒಂದು ಹಲ್ಲಿನ ಸೆಟ್ಟು.

ಹಲ್ಲಿನ ಸೆಟ್ಟು?

ಮಗಳ ಮನೆಗೆ ಫೋನ್ ಮಾಡಿದೆ. ಎರಡು ಸಲ ನಂಬರು ತಪ್ಪಿತು. ಶಾರದೆಯೇ ಎತ್ತಿದಳು. ಹೇಗೆ ಹೇಳಬೇಕೆಂದು ತಿಳಿಯದೆ ಮೊದಲಿನಿಂದ ಕ್ರಮವಾಗಿ ಹೇಳಲು ಹೊರಟೆ: ಬೆಳಿಗ್ಗೆ ಅಣ್ಣನಿಗೆ ಕೆಳದವಡೆಯ ಹಲ್ಲು ನೋವು ಬಂತು, ಅದಕ್ಕೆ ಡೆಂಟಿಸ್ಟರ ಹತ್ತಿರ...

"ಹಲ್ಲು ನೋವಾ?" ಅವಳು ತಡೆದಳು. "ಅಣ್ಣನಿಗೆ ಕೆಳಗಡೆ ಹಲ್ಲೆಲ್ಲಿದೆ ರೀ? ಕಟ್ಟಿಸಿದ ಸೆಟ್ಟು ಅದು. ಆಕ್ಟರ್ ಅಲ್ವಾ, ಯಾರಿಗೂ ಹೇಳಬೇಡ ಅಂತಾನೆ. ಐದೂವರೆಗೆ ನಾನು ಡಿಕಾಕ್ಷನ್ ಇಳಿಸೋವಾಗ ಸೆಟ್ಟು ಇನ್ನೂ ನೀರಿನ ಬಟ್ಟಲಲ್ಲೇ ಇತ್ತು. ಬಾಯಲ್ಲಿ ಇಲ್ಲದೇ ಇರೋದು ಹೇಗ್ರೀ ನೋಯತ್ತೆ?"

"ಶಾರದಾ..." ಎಂದೆ. ನನ್ನ ಆ ಸ್ವರದಲ್ಲೇ ಅವಳಿಗೆ ಎಲ್ಲ ತಿಳಿಯಿತು.

"ಎಲ್ಲಿದಾನೆ?" ಎಂದಳು. ಆಸ್ಪತ್ರೆಯ ಹೆಸರು ಹೇಳಿದೆ. "ಅವನು... ಇದಾನಾ?" ಎಂದಳು. ಇದ್ದಾರೆ ಎಂದೆ. ಇದ್ದಾರೆಯೇ ಎಂದು ನನಗೂ ಖಚಿತವಿರಲಿಲ್ಲ. ಫೋನಿಡುವ ಮುಂಚೆ ಅವಳು ಹೇಳಿದ್ದು ಒಂದೇ ಮಾತು. "ನನ್ನನ್ನೊಂದು ಮಾತು ಕೇಳಬಾರದಿತ್ತಾ?"

ಫರೀದಾಬಾದಿನಿಂದ ರೋಹಿಣಿ ದೆಹಲಿಯ ಒಂದು ತುದಿಯಿಂದ ಇನ್ನೊಂದು ತುದಿ. ಎರಡು ಗಂಟೆ. ಆ ಎರಡು ಗಂಟೆ ನಾನು ಆ ಚೀಲವನ್ನು ಮಡಿಲಲ್ಲಿಟ್ಟುಕೊಂಡು ಕೂತಿದ್ದೆ. ಬಾಗಿಲು ತೆರೆದಾಗೆಲ್ಲ ಎದ್ದು ನಿಲ್ಲುತ್ತಿದ್ದೆ. ಬಿಳಿ ಕೋಟಿನವರು ಹೊರಗೆ ಬಂದು ಯಾರದೋ ಹೆಸರು ಕೂಗುತ್ತಿದ್ದರು. ನಮ್ಮ ಹೆಸರಲ್ಲ ಎಂದು ಸಮಾಧಾನ. ನಮ್ಮ ಹೆಸರು ಯಾಕಿಲ್ಲ ಎಂದು ಭಯ. ಸಿನಿಮಾದಲ್ಲಾದರೆ ಬಾಗಿಲ ಮೇಲೆ ಕೆಂಪು ದೀಪವಾದರೂ ಇರುತ್ತದೆ. ಇಲ್ಲಿ ಅದೂ ಇರಲಿಲ್ಲ. ಶೆಟ್ಟರು ಪಕ್ಕದಲ್ಲಿ ಕೂತು ಮಂತ್ರದಂತೆ ಒಂದೇ ಮಾತು ಹೇಳುತ್ತಿದ್ದರು. "ಏನಾಗುವುದಿಲ್ಲ ರಾಯರೇ, ಏನಾಗುವುದಿಲ್ಲ."

ಶಾರದೆ ಬಂದಳು. ನನ್ನನ್ನು ನೋಡಲಿಲ್ಲ. ಚೀಲವನ್ನು ತೆಗೆದುಕೊಂಡು, ಕನ್ನಡಕವನ್ನು ಸೆರಗಿನಲ್ಲಿ ಒರೆಸಿ, ತನ್ನ ಕೈಯಲ್ಲೇ ಇಟ್ಟುಕೊಂಡಳು.

ಎರಡೂವರೆಗೆ ಡಾಕ್ಟರು ಬಂದರು. ಸದ್ಯಕ್ಕೆ ಉಳಿದಿದ್ದಾರೆ, ಆದರೆ ಮೂರು ದಿನ ಏನೂ ಹೇಳುವಂತಿಲ್ಲ ಎಂದರು. ಆ 'ಸದ್ಯಕ್ಕೆ' ಎಂಬ ಪದವನ್ನು ನಾನು ಎಷ್ಟು ಫೈಲುಗಳಲ್ಲಿ ಬರೆದಿದ್ದೇನೆ! ಅದು ಹೀಗೆ ಚುಚ್ಚುತ್ತದೆಂದು ಗೊತ್ತಿರಲಿಲ್ಲ.

ಭಾನುವಾರ ಸಂಜೆ ಸಂಘದವರು ನಾಲ್ಕು ಜನ ಬಂದರು. ಕಾರ್ಯಕ್ರಮ ರದ್ದಾಗಿತ್ತು. ಒಳ್ಳೆಯ ಜನ, ಒಳ್ಳೆಯ ಮನಸ್ಸಿನಿಂದಲೇ ಬಂದಿದ್ದರು. ಸನ್ಮಾನ ಇಲ್ಲೇ ಸರಳವಾಗಿ ಮುಗಿಸಿಬಿಡೋಣವೆಂದು ಹಣ್ಣಿನ ಬುಟ್ಟಿ, ಶಾಲು ತಂದಿದ್ದರು. ಕಾರ್ಯದರ್ಶಿಗಳು ಕವರಿನಿಂದ ಇನ್ನೊಂದನ್ನು ಹೊರತೆಗೆದರು. ಗಂಧದ ಹಾರ.

"ಹಾರ ಬೇಡ!"

ಶಾರದೆ ಕೂಗಿದ್ದು ಎಷ್ಟು ಜೋರಾಗಿತ್ತೆಂದರೆ ಕಾರಿಡಾರಿನ ಆ ತುದಿಯ ವಾರ್ಡ್‌ಬಾಯ್ ಓಡಿ ಬಂದ. ಕಾರ್ಯದರ್ಶಿಗಳು ಹಾರ ಹಿಡಿದ ಕೈಯನ್ನು ಮುಂದೆಯೂ ತರಲಾರದೆ ಹಿಂದೆಯೂ ಒಯ್ಯಲಾರದೆ ನಿಂತರು. ಅವರಿಗೆ ಆ ಆಲ್ಬಮ್ಮಿನ ವಿಷಯ ಹೇಗೆ ತಿಳಿಯಬೇಕು? "ಶಾಲೂ ಬೇಡ. ಮಲಗಿರೋನಿಗೆ ಏನೂ ಹೊದೆಸಬೇಡಿ. ಎದ್ದ ಮೇಲೆ ಹೊದೆಸಿ" ಎಂದು ಗೋಡೆಯ ಕಡೆ ತಿರುಗಿ ನಿಂತಳು.

ಎದ್ದರು. ಹನ್ನೆರಡನೆಯ ದಿನ ಮನೆಗೆ ಬಂದರು. ಎದ್ದು ಕೂತು ಶಾಲು ಹೊದೆಸಿಕೊಂಡರು, ಹಾರವಿಲ್ಲದೆ. ಒಂದು ಮಧ್ಯಾಹ್ನ ನಾನು ಕ್ಷಮೆ ಕೇಳಲು ಹೋದೆ. ಕೈಯಾಡಿಸಿಬಿಟ್ಟರು. "ನಿಮ್ಮದೇನು ತಪ್ಪು ಭಾವ? ನಾನೇ ಮೋಸ ಹೋದೆ. ಅದು ಎದೆಗೆ ಬರುತ್ತೆ ಅಂತ ಕಾಯ್ತಿದ್ದೆ. ಅದು ಹಿಂಬಾಗಿಲಿಂದ ಬಂತು." ಹೊದ್ದ ಶಾಲು ಸರಿಮಾಡಿಕೊಂಡು ಹೇಳಿದರು, "ಇಷ್ಟು ವರ್ಷ ನನ್ನ ನೋಡಿ ಎಷ್ಟು ಜನ ಹಾರ್ಟ್ ಅಟ್ಯಾಕ್ ಅಂದ್ರೆ ಹೀಗೇ ಅಂತ ಕಲಿತರೋ ಭಾವ. ಅವರಲ್ಲಿ ಎಷ್ಟು ಜನ ದವಡೆ ಹಿಡ್ಕೊಂಡು ಕೂತಿದ್ದರೋ."

ಆ ಮಾತು ಹೇಳುವಾಗ ಅವರ ಮುಖದಲ್ಲಿ ಕಂಡ ಹೆದರಿಕೆ ಆಸ್ಪತ್ರೆಯಲ್ಲೂ ಕಂಡಿರಲಿಲ್ಲ.

ಅವರು ಬೆಂಗಳೂರಿಗೆ ಹೋದರು. ಫ್ರಿಜ್ಜಿನ ಮೇಲಿನ ಟೈಮ್‌ಟೇಬಲ್ಲನ್ನು ನಾನೇ ಕಿತ್ತೆ. ಈಗ ಮೇ ತಿಂಗಳು, ಲೂ ಎಂಬ ಬಿಸಿಗಾಳಿ ಬೀಸುತ್ತಿದೆ. ಆದರೂ ಬೆಳಿಗ್ಗೆ ಐದೂ ಮುಕ್ಕಾಲಿಗೆ ಚಪ್ಪಲಿ ಮೆಟ್ಟುವಾಗ ಶಾರದೆ ಅಡುಗೆಮನೆಯಿಂದ ಕೇಳುತ್ತಾಳೆ, "ಎಲ್ಲಾದ್ರೂ ನೋಯ್ತಿದೆಯಾ?" ಇಲ್ಲ ಎನ್ನುತ್ತೇನೆ. ಹೇಳಿದ ಮೇಲೆ ಗೇಟಿನವರೆಗೆ ಕತ್ತು, ಭುಜ, ದವಡೆ, ಎಲ್ಲವನ್ನೂ ಒಂದೊಂದಾಗಿ ವಿಚಾರಿಸಿಕೊಂಡು ಹೋಗುತ್ತೇನೆ. ಎಪ್ಪತ್ತೊಂದು ವರ್ಷ ನನ್ನ ಜೊತೆಗೇ ಇದ್ದ ಮೈ ಈಗ ಅಪರಿಚಿತನಂತೆ ಕಾಣುತ್ತದೆ. ಯಾವ ಬಾಗಿಲಿಂದ ಯಾರನ್ನು ಒಳಗೆ ಬಿಟ್ಟು ಸುಮ್ಮನಿದೆಯೋ?

ಇನ್ನು ಆ ಫೋನು.

ಮೊನ್ನೆ ಭಾವ ಫೋನ್ ಮಾಡಿದ್ದರು. ಹೊಸ ಚಿತ್ರ, ಎರಡು ದಿನದ ಕೆಲಸ, ಡಾಕ್ಟರು ಒಪ್ಪಿದ್ದಾರೆ. ಅಪ್ಪನ ಪಾತ್ರ. ಇಂಟರ್ವಲ್‌ಗೆ ಮುಂಚೆ ಹಾರ್ಟ್ ಅಟ್ಯಾಕ್.

"ಈ ಸಲ ಸರಿಯಾಗಿ ಮಾಡಿದೆ ಭಾವ. ದವಡೆ ಒತ್ತಿಕೊಂಡೆ, ಹಣೆ ಒರೆಸಿಕೊಂಡೆ, ಮಗಳು ಯಾವಾಗ ಬರ್ತಾಳೆ ಅಂದೆ, ಟೇಬಲ್ ಮೇಲೆ ತಲೆ ಇಟ್ಟೆ. ಸೆಟ್ಟಲ್ಲಿ ಎಲ್ಲ ಸುಮ್ಮನಾಗಿಬಿಟ್ಟರು."

"ಆಮೇಲೆ?"

"ಡೈರೆಕ್ಟರ್ ಚಿಕ್ಕ ಹುಡುಗ. ಹತ್ತಿರ ಬಂದು ಹೇಳಿದ, 'ಸಾರ್, ಚೆನ್ನಾಗಿದೆ, ಆದರೆ ಹಲ್ಲು ನೋವಿನ ಥರ ಇದೆ. ಜನಕ್ಕೆ ಅರ್ಥ ಆಗಲ್ಲ. ನಿಮ್ಮ ಹಳೇದೇ ಮಾಡಿ.' ಎರಡನೇ ಟೇಕ್ ತಗೊಂಡ ಭಾವ. ನನ್ನ ಜೀವನದಲ್ಲಿ ಮೊದಲನೇ ಸಲ."

"ಮಾಡಿದಿರಾ?"

"ಕನ್ನಡಕನೂ ಬೀಳಿಸಿದೆ" ಎಂದರು.

ಚಿತ್ರ ತೆರೆಗೆ ಬರುತ್ತದೆ. ಎದೆ ಹಿಡಿದುಕೊಂಡ ಅಪ್ಪನನ್ನು ನೋಡಿ ನೀವೆಲ್ಲ ಕರ್ಚೀಫು ತೆಗೆಯುತ್ತೀರಿ. ಆಗ ಥಿಯೇಟರಿನ ಕತ್ತಲಲ್ಲಿ, ನಿಮ್ಮ ಪಕ್ಕದ ಸೀಟಿನವರು ಸುಮ್ಮನೆ ಗಲ್ಲ ಒತ್ತಿಕೊಳ್ಳುತ್ತ, ನಾಳೆ ಡೆಂಟಿಸ್ಟರ ಹತ್ತಿರ ಹೋದರಾಯಿತು ಎಂದುಕೊಳ್ಳುತ್ತಿದ್ದರೆ?